ಹಕ್ಕಿಗೆ ಸಿಕ್ಕ ಬಲಪ್ರಸಾದ

ಮರಗಳ ಮೇಲೆ ನನಗೆ ಯಾವತ್ತೂ ಅಂಥಾ ಪ್ರೀತಿ ಇರಲಿಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಈಚೆಗೆ ಕಾಡು, ಹಕ್ಕಿ ಎಂದು ಬರೆಯುವವರೆಲ್ಲ ಹುಟ್ಟಿದಾಗಿನಿಂದ ಗಿಡಮರಗಳ ಜೊತೆ ಮಾತಾಡಿಕೊಂಡೇ ಬೆಳೆದವರ ಹಾಗೆ ಬರೆಯುತ್ತಾರೆ, ಓದಿದರೆ ನನಗೆ ಸಿಟ್ಟು ಬರುತ್ತದೆ. ನಾನು ಕರೆಂಟಿನ ಲೈನ್‌ಮ್ಯಾನ್ ಆಗಿದ್ದವನು. ಭಟ್ಕಳ, ಹೊನ್ನಾವರ, ಕುಮಟಾ, ಈ ಮೂರು ತಾಲ್ಲೂಕು ಬಿಟ್ಟು ಆಚೆ ನನಗೆ ವರ್ಗವಾಗಲಿಲ್ಲ. ಮಳೆಗಾಲದಲ್ಲಿ ಟೊಂಗೆ ತಂತಿಯ ಮೇಲೆ ಬೀಳುತ್ತಿತ್ತು, ಊರಿಗೆ ಊರೇ ಕತ್ತಲಾಗುತ್ತಿತ್ತು, ಬೈಸಿಕೊಳ್ಳುವವನು ನಾನು. ಮರ ಎಂದರೆ ನನ್ನ ಕಣ್ಣಿಗೆ ಕಾಣುತ್ತಿದ್ದದ್ದು ಕಡಿಯಬೇಕಾದ ಟೊಂಗೆ ಮಾತ್ರ. ತಂತಿಯ ಮೇಲೆ ಕೂತು ಸತ್ತ ಹಕ್ಕಿ, ಬಾವಲಿಗಳನ್ನು ಕೋಲಿನಿಂದ ಕೆಡವಿ ಪೊದೆಗೆ ಎಸೆದು ಮುಂದಿನ ಕಂಬಕ್ಕೆ ಹೋಗುತ್ತಿದ್ದೆ.

ಈಗ ನಿವೃತ್ತಿಯಾಗಿ ಮನೆಯಲ್ಲಿದ್ದೇನೆ. ಹೊನ್ನಾವರದಿಂದ ಕುಮಟಾಕ್ಕೆ ಹೋಗುವ ಹೈವೇ ಬಿಟ್ಟು ಘಟ್ಟದ ಕಡೆ ತಿರುಗಿ ಸ್ವಲ್ಪ ಒಳಗೆ ಹೋದರೆ ನಮ್ಮೂರು. ಮನೆಯ ಎದುರಿಗೆ ಒಂದು ಮಣ್ಣುದಾರಿ, ದಾರಿಯ ಆಚೆ ಚೌಡಿಬನ. ಬನ ಎಂದರೆ ದೊಡ್ಡದೇನಲ್ಲ. ಊರು ಬೆಳೆದ ಹಾಗೆ ಅದು ಸವೆದು ಸವೆದು ಈಗ ಒಂದು ಗೋಳಿಮರ, ಎರಡು ಮೂರು ಸುರಹೊನ್ನೆ, ಒಂದಿಷ್ಟು ಬಳ್ಳಿ ಬಿದಿರು, ನಡುವೆ ಒಂದು ಹಳೇ ತಾರೆಮರ. ತಾರೆಮರದ ಬುಡದಲ್ಲಿ ಕುಂಕುಮ ಹಚ್ಚಿದ ಕಲ್ಲು, ಅದೇ ಚೌಡಮ್ಮ. ಆ ಮರದ ಟೊಂಗೆಗಳನ್ನು ನೌಕರಿಯಲ್ಲಿದ್ದಾಗ ನಾನೇ ಸವರಿದ್ದುಂಟು, ಹೆದರಿಕೊಂಡು, ಕೈಮುಗಿದು.

ನನ್ನ ಹೆಂಡತಿ ಕಾಯ್ಕಿಣಿಯವಳು. ಬಾಯಿ ಜೋರು. ಮನೆಯಲ್ಲಿ ನಾನು ಮಾತಾಡುವುದು ಕಡಿಮೆ ಎಂದು ನೆಂಟರು ಹೇಳುತ್ತಾರೆ, ನನಗೆ ಸರದಿ ಬಂದರೆ ತಾನೆ. ಕಳೆದ ವರ್ಷ ಮಳೆಗಾಲ ಮುಗಿಯುವ ಹೊತ್ತಿಗೆ ಅವಳು ಬಾವಿಕಟ್ಟೆಯ ಹತ್ತಿರ ಪಾಚಿಯ ಮೇಲೆ ಕಾಲಿಟ್ಟು ಬಿದ್ದಳು. ಸೊಂಟದ ಮೂಳೆ ಮುರಿಯಿತು. ಆಪರೇಷನ್ ಆಯಿತು, ರಾಡ್ ಹಾಕಿದರು, ವಾಕರ್ ಹಿಡಿದು ದಿನಾ ನಡೆಯಬೇಕು ಎಂದು ಡಾಕ್ಟರು ಹೇಳಿ ಕಳಿಸಿದರು. ಮನೆಗೆ ಬಂದವಳು ಒಂದು ಸಲ ಎದ್ದು ನಿಂತಳು, ವಾಕರ್ ಜಾರಿತು. ಬೀಳಲಿಲ್ಲ, ನಾನು ಹಿಡಿದುಕೊಂಡೆ. ಆದರೆ ಅಂದಿನಿಂದ ಅವಳು ನೆಲಕ್ಕೆ ಕಾಲು ಊರಲು ಒಪ್ಪಲೇ ಇಲ್ಲ. ಇನ್ನೊಂದು ಸಲ ಬಿದ್ದರೆ ತಾನು ಏಳುವುದಿಲ್ಲ ಎನ್ನುತ್ತಿದ್ದಳು. ಹೇಳಿ ನೋಡಿದೆ, ಗದರಿ ನೋಡಿದೆ. ಭಟ್ಕಳದಲ್ಲಿ ಜಾಲಿ ಎಂಬ ಊರಿನ ಹತ್ತಿರ ಶಾಲೆಯಲ್ಲಿ ಕಲಿಸುವ ಮಗಳು ಬಂದು ಅತ್ತು ನೋಡಿದಳು. ವಾಕರ್ ಮೇಲೆ ಟವೆಲು ಒಣಗಿಸುವುದು ರೂಢಿಯಾಯಿತು.

ಅಷ್ಟು ಮಾತಿನವಳು ಮಾತು ಬಿಟ್ಟದ್ದೇ ನನಗೆ ಹೆದರಿಕೆ ಹುಟ್ಟಿಸಿತು. ಗೋಡೆಯ ಕಡೆ ಮುಖ ಮಾಡಿ ಮಲಗುತ್ತಿದ್ದಳು. ಕೊನೆಗೆ ಮಂಚವನ್ನು ಎದುರಿನ ಕಿಟಕಿಯ ಹತ್ತಿರ ಎಳೆದು ಹಾಕಿದೆ, ದಾರಿಯಲ್ಲಿ ಹೋಗುವವರನ್ನಾದರೂ ನೋಡಲಿ ಎಂದು. ಶಿವರಾತ್ರಿಯ ಸುಮಾರಿಗೆ ಒಂದು ಬೆಳಿಗ್ಗೆ ನಾನು ಹಾಲು ತರಲು ಹೋಗಿ ಬಂದರೆ ಅವಳು ದಿಂಬಿಗೆ ಒರಗಿ ಎದ್ದು ಕೂತಿದ್ದಾಳೆ. ಎರಡು ಮಂಗಟ್ಟೆ ಹಕ್ಕಿ ಬಂದಿದ್ದವಂತೆ, ತಾರೆಮರದ ಪೊಟರೆ ಸುತ್ತಮುತ್ತ ಬಹಳ ಹೊತ್ತು ಮಾತುಕತೆ ನಡೆಸಿದವಂತೆ, ಆಮೇಲೆ ಹೆಣ್ಣು ಪೊಟರೆಯ ಒಳಗೆ ಹೋಯಿತಂತೆ. ಹೊರಗೆ ಬರಲಿಲ್ಲವಂತೆ. ನಾನು ಹಾಲು ಒಲೆಯ ಮೇಲಿಟ್ಟು, ಬರುತ್ತದೆ ಬಿಡು, ಎಲ್ಲಿಗೆ ಹೋಗುತ್ತದೆ ಎಂದೆ.

ಅದು ಬರಲಿಲ್ಲ. ಎರಡು ಮೂರು ದಿನಗಳಲ್ಲಿ ಪೊಟರೆಯ ಬಾಯಿ ಮೆತ್ತಿಹೋಯಿತು, ಒಂದು ಸೀಳು ಮಾತ್ರ ಉಳಿಯಿತು. ನಮ್ಮ ಕಡೆಯ ಫಾರೆಸ್ಟ್ ಗಾರ್ಡ್ ಒಳ್ಳೆಯ ಮನುಷ್ಯ, ಬೈಕು ನಿಲ್ಲಿಸಿ ಎಲ್ಲ ಹೇಳಿದ. ಹೆಣ್ಣು ಮಂಗಟ್ಟೆ ತನ್ನನ್ನು ತಾನೇ ಒಳಗೆ ಹಾಕಿಕೊಂಡು, ಹಿಕ್ಕೆ ಮಣ್ಣು ಕಲಸಿ ಬಾಗಿಲು ಮೆತ್ತಿಕೊಳ್ಳುತ್ತದೆ. ಒಳಗೆ ಹಾರುವ ಗರಿಗಳನ್ನೆಲ್ಲ ಉದುರಿಸಿಕೊಳ್ಳುತ್ತದೆ. ಮೊಟ್ಟೆಯೊಡೆದು ಮರಿ ದೊಡ್ಡದಾಗುವವರೆಗೆ ಅದಕ್ಕೆ ಹೊರಗಿನ ಲೋಕವೇ ಇಲ್ಲ. ಗಂಡು ತಂದುಕೊಟ್ಟರೆ ಉಂಟು, ಇಲ್ಲದಿದ್ದರೆ ಇಲ್ಲ. ಹತ್ತಿರ ಗಲಾಟೆ ಮಾಡಬೇಡಿ, ಗಂಡು ಬಹಳ ಪುಕ್ಕಲು, ಹೆದರಿದರೆ ಬರುವುದನ್ನೇ ಬಿಡುತ್ತದೆ ಎಂದ. ನನ್ನ ಹೆಂಡತಿ ಬಾಯಿ ತೆರೆದುಕೊಂಡು ಕೇಳಿದಳು.

ಅಲ್ಲಿಂದ ಅವಳ ಗಡಿಯಾರ ಆ ಗಂಡು ಹಕ್ಕಿ. ಕಪ್ಪು ಮೈ, ಬಿಳಿ ಹೊಟ್ಟೆ, ಹಳದಿ ಕೊಕ್ಕಿನ ಮೇಲೆ ಇನ್ನೊಂದು ಕೊಕ್ಕು ಕವುಚಿ ಇಟ್ಟ ಹಾಗೆ ಇರುವ ಅದರ ಅವತಾರ ನೋಡಿದರೆ ನಗು ಬರುತ್ತಿತ್ತು. ಆದರೆ ಕೆಲಸದಲ್ಲಿ ಶಿಸ್ತು. ರೆಕ್ಕೆಯ ಸದ್ದು ಮೊದಲು ಕೇಳುತ್ತಿತ್ತು, ಆಮೇಲೆ ಅದು ಕಾಣುತ್ತಿತ್ತು. ಗಂಟಲಿನಿಂದ ಗೋಳಿಹಣ್ಣು ಒಂದೊಂದೇ ತೆಗೆದು ಸೀಳಿನಲ್ಲಿ ಕೊಡುತ್ತಿತ್ತು. ಒಳಗಿನಿಂದ ಕೊಕ್ಕಿನ ತುದಿಯೊಂದು ಬಂದು ತೆಗೆದುಕೊಳ್ಳುತ್ತಿತ್ತು, ನಮಗೆ ಕಂಡದ್ದು ಅಷ್ಟೇ. ಮನೆಯಲ್ಲಿ ಅಡುಗೆ ನನ್ನದು. ಗಂಜಿ ತಳ ಹಿಡಿದರೆ ಅವಳು ಕಿಟಕಿಯ ಕಡೆ ಕೈ ತೋರಿಸಿ, ಅವನನ್ನು ನೋಡಿ ಕಲಿತುಕೊಳ್ಳಿ, ಹೆಂಡತಿಗೆ ಸೀದದ್ದು ತಂದುಕೊಟ್ಟ ದಿನ ಉಂಟಾ ಎನ್ನುತ್ತಿದ್ದಳು. ಬೈಸಿಕೊಂಡು ನನಗೆ ಸುಖವಾಗುತ್ತಿತ್ತು. ಹಳೇ ಬಾಯಿ ತಿರುಗಿ ಬಂದಿತ್ತು.

ಮೊಬೈಲಿನಲ್ಲಿ ಹಕ್ಕಿ, ಪ್ರಾಣಿಗಳ ವೀಡಿಯೊ ನೋಡುವ ಹುಚ್ಚೂ ಹತ್ತಿತು. ಹಿಮದ ಬೆಟ್ಟದಲ್ಲಿ ಒಂದು ಬಿಳಿ ಚಿರತೆ ಇದೆಯಂತೆ, ಕುರಿ ತಿಂದರೂ ಅಲ್ಲಿಯ ಜನ ಅದನ್ನು ಕೊಲ್ಲುವುದು ಬಿಟ್ಟಿದ್ದಾರಂತೆ. ರಾಜಸ್ಥಾನದ ಮರಳುಗಾಡಿನಲ್ಲಿ ಒಂದು ದೊಡ್ಡ ಹಕ್ಕಿ ಇದೆಯಂತೆ, ಬೆರಳೆಣಿಕೆಯಷ್ಟು ಉಳಿದಿದೆಯಂತೆ, ಅದು ಕರೆಂಟಿನ ತಂತಿಗೆ ಬಡಿದು ಸಾಯುತ್ತದಂತೆ. ಇದನ್ನು ಹೇಳುವಾಗ ನನ್ನ ಮುಖವನ್ನೇ ನೋಡಿದಳು. ನಾನು ರಾಜಸ್ಥಾನದಲ್ಲಿ ಕೆಲಸ ಮಾಡಿಲ್ಲ ಮಾರಾಯ್ತಿ ಎಂದೆ. ಬೆಟ್ಟದಲ್ಲೂ ಮರಳಿನಲ್ಲೂ ಯಾರು ಯಾರೋ ಒಂದೊಂದು ಪ್ರಾಣಿ ಉಳಿಸಲು ಒದ್ದಾಡುತ್ತಿದ್ದಾರೆ, ನಮಗೆ ದೇವರು ಕಿಟಕಿಯ ಎದುರಿಗೇ ತಂದು ಕೊಟ್ಟಿದ್ದಾನೆ, ಸುಮ್ಮನೆ ನೋಡಿಕೊಂಡಿದ್ದರೆ ಸಾಕು ಎಂದು ಅವಳ ವಾದ. ಒಂದು ದಿನ ತಾನಾಗಿಯೇ ಹೇಳಿದಳು, ಪೊಟರೆಯೊಳಗಿನವಳು ಮರಿ ಕರೆದುಕೊಂಡು ಹೊರಗೆ ಬಂದ ದಿನ ತಾನೂ ವಾಕರ್ ಹಿಡಿಯುತ್ತೇನೆ ಎಂದು. ನಾನು ವಾಕರ್ ಮೇಲಿದ್ದ ಟವೆಲು ತೆಗೆದೆ.

ಹೀಗಿರುವಾಗ ಏಪ್ರಿಲ್ ಹೊತ್ತಿಗೆ ದೇವಸ್ಥಾನದ ಕಮಿಟಿಯವರು ಚೌಡಮ್ಮನಿಗೆ ಆರ್‌ಸಿಸಿ ಗುಡಿ ಕಟ್ಟುವುದೆಂದು ತೀರ್ಮಾನಿಸಿದರು. ಕಲ್ಲು ಮಳೆಯಲ್ಲಿ ನೆನೆಯುತ್ತದೆ, ಅಮ್ಮನಿಗೆ ಒಂದು ಸೂರು ಬೇಡವೇ ಎನ್ನುವುದು ಅವರ ಭಕ್ತಿ. ತಾರೆಮರ ಗುಡಿಯ ಜಾಗಕ್ಕೇ ವಾಲಿತ್ತು. ಅದನ್ನು ತೆಗೆಯದೆ ಸ್ಲ್ಯಾಬು ಹಾಕುವ ಹಾಗಿಲ್ಲ, ಸ್ಲ್ಯಾಬು ಮಳೆಗೆ ಮುಂಚೆ ಆಗಬೇಕು. ಕಮಿಟಿಯ ಅಧ್ಯಕ್ಷರು ಮೀನಿಗೆ ಹಾಕುವ ಐಸಿನ ಫ್ಯಾಕ್ಟರಿ ಇಟ್ಟವರು, ಕೆಟ್ಟವರಲ್ಲ. ಇವಳು ಆಸ್ಪತ್ರೆಯಲ್ಲಿದ್ದಾಗ ಎರಡು ಸಲ ಬಂದು ನೋಡಿಹೋದವರು. ಇವಳು ಅವರನ್ನು ಮನೆಗೆ ಕರೆಸಿದಳು. ಅವರು ಕುರ್ಚಿಯ ತುದಿಯಲ್ಲಿ ಕೂತು ಚಾ ಕುಡಿದು, ಬಹಳ ಸಂಕಟಪಟ್ಟುಕೊಂಡು ಹೇಳಿದರು:

"ಅಕ್ಕ, ಒಂದು ಹಕ್ಕಿಗೋಸ್ಕರ ದೇವರ ಕೆಲಸ ನಿಲ್ಸೂಕೆ ಆತದಾ?"

"ನನ್ನ ಮಾತಿಗೆ ನಿಲ್ಸೂದು ಬ್ಯಾಡ. ಅಮ್ಮನ್ನೇ ಕೇಳಿ. ಅವಳು ಬ್ಯಾಡ ಅಂದ್ರೆ ನಾ ಮತ್ತೆ ಮಾತಾಡೂದಿಲ್ಲ."

ಇದಕ್ಕೆ ನಮ್ಮ ಕಡೆ ಯಾರೂ ಇಲ್ಲ ಎನ್ನಲಾರರು. ಪ್ರಸಾದ ಕೇಳುವುದು ನಮ್ಮಲ್ಲಿ ಕೋರ್ಟಿಗಿಂತ ಮೇಲೆ. ದೇವರ ಕಲ್ಲಿಗೆ ನೀರು ಹಾಕಿ, ಅಡಿಕೆಯ ಹೂಗೊನೆಯಾದ ಸಿಂಗಾರದ ಎಸಳುಗಳನ್ನು ಎಡಕ್ಕೂ ಬಲಕ್ಕೂ ಅಂಟಿಸುತ್ತಾರೆ. ಪೂಜಾರಿ ಪ್ರಶ್ನೆ ಇಟ್ಟು ಕಾಯುತ್ತಾನೆ. ಬಲದ ಎಸಳು ಬಿದ್ದರೆ ಹೌದು, ಎಡದ್ದು ಬಿದ್ದರೆ ಇಲ್ಲ. ಮದುವೆ, ಜಮೀನು, ಆಪರೇಷನ್, ಎಲ್ಲ ಇದರಲ್ಲೇ ಇತ್ಯರ್ಥವಾಗುತ್ತದೆ. ಅವಳ ಆಪರೇಷನ್ನಿಗೂ ನಾನು ಕೇಳಿದ್ದೆ, ಅವಳಿಗೆ ಗೊತ್ತಿಲ್ಲ.

ಶುಕ್ರವಾರ ಬೆಳಿಗ್ಗೆ ಕೇಳುವುದೆಂದಾಯಿತು. ಅವಳ ಪರವಾಗಿ ನಾನು ಹೋದೆ. ಹೋಗಿ ಕೂತುಕೊಳ್ಳಿ, ಬಾಯಿ ಬಿಡಬೇಡಿ ಎಂದು ಕಟ್ಟಪ್ಪಣೆ ಮಾಡಿ ಕಳಿಸಿದ್ದಳು. ಊರಿನ ಹತ್ತಿಪ್ಪತ್ತು ಜನ ಸೇರಿದ್ದರು. ಹಕ್ಕಿ ಹೊರಗೆ ಬರುವ ತನಕ ಈ ಮರಕ್ಕೆ ಕತ್ತಿ ತಾಗಿಸಬಾರದು ಎನ್ನುವುದು ನಿನ್ನ ಮನಸ್ಸಿನಲ್ಲಿದ್ದರೆ ಬಲಕ್ಕೆ ಕೊಡು ತಾಯಿ ಎಂದು ಪೂಜಾರಿ ಕೇಳಿದ. ಕೇಳಿ ಮುಗಿಸುವಷ್ಟರಲ್ಲಿ ಬಲದ ಎಸಳು ಜಾರಿ ಕೆಳಗೆ ಬಿತ್ತು. ಕಾಯುವ ಕೆಲಸವೇ ಇರಲಿಲ್ಲ. ಅದೇ ಹೊತ್ತಿಗೆ ಗಂಡು ಹಕ್ಕಿ ರೆಕ್ಕೆ ಸದ್ದು ಮಾಡುತ್ತಾ ತಲೆಯ ಮೇಲೆ ಹಾದುಹೋಯಿತು. ನನಗೆ ಮೈಮೇಲೆ ಮುಳ್ಳೆದ್ದಿತು, ಸುಳ್ಳು ಯಾಕೆ ಹೇಳಲಿ. ಅಧ್ಯಕ್ಷರು ಕಣ್ಣು ಒರೆಸಿಕೊಂಡರು, ಗುಡಿಯ ಕೆಲಸ ದೀಪಾವಳಿಯ ನಂತರ ಎಂದು ಅಲ್ಲೇ ಹೇಳಿದರು. ನಾನು ಈ ವಯಸ್ಸಿನಲ್ಲಿ ಮನೆಗೆ ಓಡಿದೆ. ಅವಳು ಕಿಟಕಿಯಲ್ಲಿ ಎಲ್ಲ ನೋಡಿದ್ದಳು, ಸೆರಗು ಬಾಯಿಗಿಟ್ಟುಕೊಂಡು ಅಳುತ್ತಿದ್ದಳು. ಗೆದ್ದೆವು ಎಂದುಕೊಂಡೆವು.

ಮರುದಿನ ಮಗಳು ಫೋನು ಮಾಡಿದಳು. ಅಮ್ಮಾ, ನಿನ್ನ ಹಕ್ಕಿ ನಮ್ಮ ಶಾಲೆಯ ಗ್ರೂಪಿನಲ್ಲೂ ಬಂದಿದೆ ಎಂದಳು. ಯಾರೋ ಮೊಬೈಲಿನಲ್ಲಿ ಎಲ್ಲ ಹಿಡಿದಿದ್ದರು. ಪೂಜಾರಿಯ ಪ್ರಶ್ನೆ, ಎಸಳು ಬೀಳುವುದು, ಹಕ್ಕಿ ಹಾರಿದ ಸದ್ದು, ಹಿಂದಿನಿಂದ ಗಂಟೆಯ ಸದ್ದು ಸೇರಿಸಿ ವಾಟ್ಸಾಪಿಗೆ ಬಿಟ್ಟಿದ್ದರು. ನನ್ನ ಹೆಂಡತಿ ಖುಷಿಪಟ್ಟಳು. ನಾಲ್ಕು ಜನಕ್ಕೆ ಗೊತ್ತಾದರೆ ಒಳ್ಳೆಯದೇ, ಇನ್ನು ಯಾರೂ ಮರ ಮುಟ್ಟುವುದಿಲ್ಲ ಎಂದಳು. ನನಗೂ ಹಾಗೇ ಅನ್ನಿಸಿತು.

ಮೊದಲು ಬಂದವರು ಪಕ್ಕದೂರಿನ ಹೆಂಗಸರು. ದೇವರೇ ಮಾತು ಕೊಟ್ಟ ಹಕ್ಕಿ, ಅದೂ ಮುಚ್ಚಿದ ಕೋಣೆಯಲ್ಲಿ ಕೂತ ಬಾಣಂತಿ. ಬಾಣಂತಿಯನ್ನು ನೋಡಲು ಬರಿಗೈಯಲ್ಲಿ ಹೋಗುತ್ತಾರೆಯೇ? ಅಕ್ಕಿ, ತೆಂಗಿನಕಾಯಿ, ರವಿಕೆಕಣ, ಹಸಿರು ಬಳೆ ಇಟ್ಟುಕೊಂಡು ಉಡಿ ತುಂಬಲು ಬಂದರು. ಮರದ ಬುಡದಲ್ಲಿ ಇಟ್ಟು, ಊದುಬತ್ತಿ ಹಚ್ಚಿ ಹೋದರು. ಆಮೇಲೆ ಕುಮಟಾದಿಂದ ರಿಕ್ಷಾಗಳು, ಭಟ್ಕಳದಿಂದ ಕಾರುಗಳು. ಮುರ್ಡೇಶ್ವರ ನೋಡಲು ಬಂದ ಬಯಲುಸೀಮೆಯ ಟೂರಿಸ್ಟ್ ಬಸ್ಸೊಂದು ಕೂಡ ದಾರಿ ಕೇಳಿಕೊಂಡು ಬಂತು. ಮಕ್ಕಳಾಗದವರು ಬಂದರು, ಬಸುರಿಯರು ಬಂದರು. ಕಾಯಿ ಒಡೆಯುವ ಸದ್ದು, ಜಾಗಟೆ, ಹೊಗೆ. ಹೂವಿನ ಅಂಗಡಿ ಒಂದು ನಮ್ಮ ಗೇಟಿಗೇ ತಾಗಿ ಕೂತಿತು.

ಗಂಡು ಹಕ್ಕಿ ಬರುತ್ತಿತ್ತು, ಆದರೆ ಮರಕ್ಕೆ ಬರುತ್ತಿರಲಿಲ್ಲ. ದೂರದ ಗೋಳಿಯ ಮೇಲೆ ಕೂತು, ಕೊಕ್ಕಿನ ತುದಿಯಲ್ಲಿ ಹಣ್ಣು ಹಿಡಿದುಕೊಂಡು, ತಲೆ ಓರೆ ಮಾಡಿ ಜನರನ್ನು ನೋಡುತ್ತಿತ್ತು. ಬಹಳ ಹೊತ್ತು ಕೂತು ಎದ್ದು ಹೋಗುತ್ತಿತ್ತು. ಕಿಟಕಿಯಲ್ಲಿ ಕೂತವಳಿಗೆ ಇದೆಲ್ಲ ಕಾಣುತ್ತಿತ್ತು. ನನ್ನನ್ನು ಓಡಿಸುತ್ತಿದ್ದಳು, ಹೋಗಿ ಹೇಳಿ, ದೂರ ನಿಲ್ಲಲು ಹೇಳಿ ಎಂದು. ನಾನು ಹೋಗಿ ಕೈಮುಗಿದು ಹೇಳಿದೆ. ನಾವೇನು ಹಕ್ಕಿಗೆ ಕಲ್ಲು ಹೊಡೆಯಲು ಬಂದಿದ್ದೇವಾ ಎಂದರು. ಆಮೇಲೆ ಕೈಮುಗಿಯದೆ ಹೇಳಿದೆ. ಮುದುಕನಿಗೆ ತಲೆ ಕೆಟ್ಟಿದೆ ಎಂದರು. ಗಾರ್ಡ್ ಬಂದು ಮರದ ಸುತ್ತ ಪಟ್ಟಿ ಕಟ್ಟಿಹೋದ. ಸಂಜೆಯೊಳಗೆ ಆ ಪಟ್ಟಿಯ ತುಂಬ ಹಸಿರು ಬಳೆ ತೂಗುತ್ತಿದ್ದವು. ಕತ್ತಿ ಹಿಡಿದು ಬಂದವರನ್ನಾದರೆ ಹಿಡಿದುಕೊಂಡು ಹೋಗಬಹುದು, ಉಡಿ ಹಿಡಿದು ಬಂದವರನ್ನು ಏನು ಮಾಡಲಿ ಎಂದು ಅವನು ನನ್ನನ್ನೇ ಕೇಳಿದ.

ಒಂದು ಮಂಗಳವಾರ ಭಟ್ಕಳದ ಬಂದರಿನ ಕಡೆಯ ತೆಂಗಿನಗುಂಡಿಯಿಂದ ಒಂದು ಟೆಂಪೋ ಬಂತು, ಬೋಟಿನ ಕೆಲಸದವರ ಮನೆಯವರು. ಅವರಲ್ಲಿ ಒಬ್ಬಳು ತುಂಬು ಬಸುರಿ ನೀರು ಕೇಳಿಕೊಂಡು ನಮ್ಮ ಮನೆಗೆ ಬಂದಳು. ನನ್ನ ಹೆಂಡತಿ ಅವಳನ್ನು ಮಂಚದ ಮೇಲೆ ಕೂರಿಸಿಕೊಂಡು, ಮಗಾ, ಆ ಹಕ್ಕಿ ಹೆದರ್ತದೆ, ಇಲ್ಲಿಂದಲೇ ಕೈಮುಗಿದು ಹೋಗು ಎಂದು ಮೆಲ್ಲಗೆ ಹೇಳಿದಳು. ಆ ಹುಡುಗಿ ತನಗೆ ಮೊದಲಿನ ಎರಡೂ ನಿಲ್ಲಲಿಲ್ಲ ಎಂದಳು. ಗಂಡ ಸಮುದ್ರದ ಮೇಲಿದ್ದಾನೆ, ಒಂದೇ ಒಂದು ಸಲ ಉಡಿ ಕೊಟ್ಟು ಹೋಗುತ್ತೇನೆ ಅಮ್ಮಾ ಎಂದು ಇವಳ ಕೈ ಹಿಡಿದುಕೊಂಡಳು. ಬೇಡ ಎನ್ನುವ ಬಾಯಿ ನನ್ನ ಹೆಂಡತಿಗೆ ಬರಲಿಲ್ಲ. ನನಗೂ ಬರಲಿಲ್ಲ. ನೀರು ಕೊಟ್ಟು ಕಳಿಸಿದೆವು.

ಆ ಹುಡುಗಿಯ ಉಡಿಯನ್ನು ಬುಡದಲ್ಲಿಟ್ಟರೆ ಸಾಲದು, ಬಾಣಂತಿಗೆ ತಲುಪಬೇಕು ಎಂದು ಜೊತೆಗೆ ಬಂದವರು ಹಟ ಹಿಡಿದರು. ಕಾಳುಮೆಣಸು ಕೊಯ್ಯುವ ಬಿದಿರಿನ ಏಣಿ ಎಲ್ಲಿಂದಲೋ ಬಂತು. ಒಬ್ಬ ಹತ್ತಿ, ಪೊಟರೆಯ ಸೀಳಿನ ಪಕ್ಕ ಮೊಳೆ ಹೊಡೆದು ಕಣದ ಗಂಟು ತೂಗುಹಾಕಿದ. ಗಂಡು ಹಕ್ಕಿ ಗೋಳಿಯಿಂದ ಎದ್ದು ದೊಡ್ಡದಾಗಿ ಕಿರುಚಿಕೊಂಡು ಘಟ್ಟದ ಕಡೆ ಹೋಯಿತು. ಕೆಳಗಿದ್ದವರು ಅದು ಆಶೀರ್ವಾದ ಮಾಡಿತೆಂದು ಜಾಗಟೆ ಹೊಡೆದರು. ಆಮೇಲೆ ನಾವು ಅದನ್ನು ನೋಡಲಿಲ್ಲ.

ಒಳಗಿದ್ದವಳು ಬಡಿಯುತ್ತಿದ್ದಳು. ಜನ ಕಡಿಮೆಯಿದ್ದ ಹೊತ್ತಿನಲ್ಲಿ ಟಕ್ ಟಕ್ ಎಂದು ಕೇಳುತ್ತಿತ್ತು, ಹಸಿವಿಗೋ ಬಾಗಿಲು ಒಡೆಯಲೋ ಗೊತ್ತಿಲ್ಲ. ಒಡೆದು ಬಂದರೂ ಹಾರಲು ಗರಿ ಇಲ್ಲ. ನನ್ನ ಹೆಂಡತಿ ಊಟ ಬಿಟ್ಟಳು. ತಟ್ಟೆ ಮುಂದಿಟ್ಟರೆ ಹಾಗೇ ಕೂತಿರುತ್ತಿದ್ದಳು, ನಾನು ಎತ್ತಿಕೊಂಡು ಹೋಗುತ್ತಿದ್ದೆ. ನಾನು ಅಧ್ಯಕ್ಷರ ಹತ್ತಿರ ಹೋದೆ. ನಾನೇ ಹತ್ತುತ್ತೇನೆ, ಜೀವಮಾನವೆಲ್ಲ ಹತ್ತಿದ್ದೇ ಕೆಲಸ, ಬಾಗಿಲು ಒಡೆದು ತಾಯಿ ಮರಿ ಎರಡನ್ನೂ ತೆಗೆದು ಗಾರ್ಡ್ ಕೈಗೆ ಕೊಡೋಣ, ಶಿರಸಿಯಲ್ಲೋ ಎಲ್ಲೋ ಸಾಕುವವರು ಸಿಗುತ್ತಾರೆ ಎಂದೆ. ಮೇಲಿನವರನ್ನು ಕೇಳಬೇಕು ಎಂದು ಗಾರ್ಡ್ ಹೇಳಿದ್ದ, ಮೇಲಿನವರ ಉತ್ತರ ಬಂದಿರಲಿಲ್ಲ. ಅಧ್ಯಕ್ಷರು ಬೆವರಿದರು. ಬಾಣಂತಿಯ ಬಾಗಿಲು ಒಡೆಯುವುದೆಂದರೆ ಇಷ್ಟು ಜನ ಬಿಟ್ಟಾರೆಯೇ, ನಾಳೆ ಯಾರದ್ದಾದರೂ ಬಸಿರು ಇಳಿದರೆ ನಮ್ಮ ತಲೆಗೆ ಬರುತ್ತದೆ ಎಂದರು. ಕೊನೆಗೆ ಅವರೇ ಒಂದು ದಾರಿ ಹೇಳಿದರು. ಮತ್ತೆ ಪ್ರಸಾದ ಕೇಳೋಣ.

ಕೇಳಿದರು. ಈ ಸಲ ಬನದಲ್ಲಿ ಕಾಲಿಡಲು ಜಾಗವಿರಲಿಲ್ಲ, ಎಲ್ಲರ ಕೈಯಲ್ಲೂ ಮೊಬೈಲು. ಬಾಗಿಲು ತೆಗೆಯಲು ಅಪ್ಪಣೆಯಿದ್ದರೆ ಬಲಕ್ಕೆ ಕೊಡು ಎಂದು ಪೂಜಾರಿ ಕೇಳಿದ. ನಾನು ಬಲದ ಎಸಳನ್ನೇ ನೋಡುತ್ತಾ ನಿಂತೆ. ಅದು ಅಲ್ಲಾಡಲಿಲ್ಲ. ಎಡದ್ದು ಬಿತ್ತು. ಜನ ಒಮ್ಮೆಗೇ ಉಸಿರು ಬಿಟ್ಟರು, ಉಘೇ ಎಂದರು. ನಾನು ಬಾಯಿಗೆ ಬಂದ ಹಾಗೆ ಬೈದೆ, ಪೂಜಾರಿಯನ್ನೂ ಕಮಿಟಿಯನ್ನೂ ಬೈದೆ, ಯಾರೋ ನನ್ನ ತೋಳು ಹಿಡಿದು ಆಚೆ ತಂದುಬಿಟ್ಟರು. ಮನೆಗೆ ಬಂದು, ಇದೆಂಥಾ ದೇವರು, ಹೂವು ಬೀಳುವುದು ಗಾಳಿಗೆ, ನೀರು ಹೆಚ್ಚು ಕಡಿಮೆಯಾದ್ದಕ್ಕೆ, ಇಷ್ಟೂ ಗೊತ್ತಾಗುವುದಿಲ್ಲವೇ ಎಂದು ಕೂಗಾಡಿದೆ.

ಅವಳು ಕೊನೆಯವರೆಗೆ ಕೇಳಿಸಿಕೊಂಡಳು. "ಮೊದಲ್ನೇ ಸಲ ಬಿದ್ದಾಗ ಹಾಂಗೆ ಹೇಳಿದ್ರಾ?" ಎಂದಳು. ನಾನು ಅವಳು ಮುಟ್ಟದ ತಟ್ಟೆ ಎತ್ತಿಕೊಂಡು ಒಳಗೆ ಹೋದೆ.

ಟಕ್ ಟಕ್ ಮತ್ತೂ ಎರಡು ಮೂರು ದಿನ ಕೇಳಿತು. ಆಮೇಲೆ ಇಲ್ಲ. ಜನರ ಸದ್ದಿನಲ್ಲಿ ಕೇಳುವುದಿಲ್ಲ ಎಂದು ಅವಳಿಗೆ ಸಮಾಧಾನ ಹೇಳಿದೆ. ಒಂದು ಬೆಳಿಗ್ಗೆ ಬೇಗ ಬನಕ್ಕೆ ಹೋದೆ, ಆಗ ಹೂವಿನವಳು ಮಾತ್ರ ಇದ್ದಳು. ತಾರೆಮರದ ಬೊಡ್ಡೆಯ ಮೇಲೆ ಕೆಂಪು ಚಗಳಿ ಇರುವೆಗಳ ಸಾಲು ಹತ್ತುತ್ತಿತ್ತು. ಕಂಬದ ಮೇಲಿನ ತಂತಿ ನೋಡಿ ನೋಡಿ ಅಭ್ಯಾಸವಾದ ಕಣ್ಣು ನನ್ನದು, ಸಾಲಿನ ಹಿಂದೆಯೇ ಮೇಲೆ ಹೋಯಿತು. ಸಾಲು ಸೀದಾ ಸೀಳಿನ ಒಳಗೆ ಹೋಗುತ್ತಿತ್ತು. ಇನ್ನೊಂದು ಸಾಲು ಒಳಗಿನಿಂದ ಬರುತ್ತಿತ್ತು, ಬರುವವುಗಳ ಬಾಯಲ್ಲಿ ಏನೋ ಇತ್ತು. ನಾನು ಮರದ ಬುಡದಲ್ಲಿ ತೆಂಗಿನಕಾಯಿ ಕರಟಗಳ ನಡುವೆ ಕೂತುಬಿಟ್ಟೆ. ಎಷ್ಟೋ ಟೊಂಗೆ ಕಡಿದಿದ್ದೇನೆ, ಎಷ್ಟೋ ಗೂಡು ಕೆಳಗೆ ಬಿದ್ದಿವೆ, ಒಂದು ದಿನವೂ ಅತ್ತವನಲ್ಲ. ಅವತ್ತು ಅತ್ತೆ.

ಮನೆಗೆ ಹೋದೆ. ಅವಳು ನನ್ನ ಮುಖ ನೋಡಿದಳು, ಅಷ್ಟೇ ಸಾಕಾಯಿತು. ಆ ದಿನ ಪೂರ್ತಿ ಕಿಟಕಿಯಲ್ಲಿ ಜನ ಬರುವುದನ್ನು, ಉಡಿ ಇಡುವುದನ್ನು ನೋಡುತ್ತಾ ಕೂತಳು. ಮಧ್ಯಾಹ್ನ ಮೊದಲ ಮಳೆ ಬಂದು ಹೋಯಿತು. ಜನ ಕೊಡೆ ಹಿಡಿದು ನಿಂತೇ ಇದ್ದರು. ಮಳೆ ನಿಂತ ಮೇಲೆ ಅವಳು ವಾಕರ್ ಕೊಡಿ ಎಂದಳು. ಎಂತಕ್ಕೆ ಎಂದೆ. ಇವರಿಗೆ ಹೇಳಬೇಕು, ಮೊದಲು ಪ್ರಸಾದ ಕೇಳಿಸಿದವಳು ನಾನು, ನಾನೇ ಹೇಳಬೇಕು ಎಂದಳು.

ಎದ್ದು ನಿಂತಾಗ ಅವಳ ತುಟಿ ಬೆಳ್ಳಗಾಯಿತು. ನಾನು ಹಿಂದಿನಿಂದ ಎರಡೂ ಕೈ ಚಾಚಿಕೊಂಡು ನಡೆದೆ. ಮೆಟ್ಟಿಲು ಇಳಿಯುವಾಗ ಹಲ್ಲು ಕಚ್ಚಿ ನನ್ನನ್ನು ಬೈದಳು, ದಾರಿಯ ಮಣ್ಣನ್ನು ಬೈದಳು. ಮಣ್ಣುದಾರಿ ದಾಟಲು ನಮಗೆ ಬಹಳ ಹೊತ್ತು ಹಿಡಿಯಿತು. ವಾಕರಿನ ಕಾಲು ಕೆಸರಿನಲ್ಲಿ ಹುಗಿಯುತ್ತಿತ್ತು, ಕಿತ್ತು ಮುಂದಿಡುತ್ತಿದ್ದಳು. ನೋಡಿದವರು ದಾರಿ ಬಿಟ್ಟರು. ತಾರೆಮರದ ಬುಡಕ್ಕೆ ಬಂದು, ಉಸಿರು ತೆಗೆದುಕೊಂಡು, ಎಲ್ಲರಿಗೂ ಕೇಳುವ ಹಾಗೆ ಹೇಳಿದಳು:

"ಒಳಗೆ ಸತ್ತುಹೋಗಿದೆ. ತಾಯಿನೂ ಸತ್ತಿದೆ, ಮರಿನೂ ಸತ್ತಿದೆ. ಹಸಿವಿಂದ ಸತ್ತದ್ದು. ನಾವೆಲ್ಲ ಸೇರಿ ಕೊಂದಾತು. ಇನ್ನು ಮನೆಗೆ ಹೋಗಿ."

ಜಾಗಟೆಯವನು ಕೈ ತಡೆದ. ಆ ಒಂದು ಗಳಿಗೆಯಲ್ಲಿ ಜನಕ್ಕೆ ಅರ್ಥವಾಯಿತು ಎಂದೇ ನಾನು ತಿಳಿದೆ. ಆಗ ಹಿಂದಿನಿಂದ ಊರಿನ ಒಬ್ಬ ಮುದುಕಿ, ನಮ್ಮ ಮನೆಯನ್ನು ಬಲ್ಲವಳು, ಅಯ್ಯೋ, ಇವಳು ಏಳದೆ ಮಲಗಿದವಳಲ್ಲವೇ ಎಂದಳು. ಮಳೆಗಾಲದಿಂದ ಹಾಸಿಗೆ ಹಿಡಿದವಳು, ಡಾಕ್ಟರಿಗೂ ಆಗದ್ದು, ಅಮ್ಮ ಎಬ್ಬಿಸಿ ನಡೆಸಿಕೊಂಡು ಬಂದಳು ನೋಡಿ ಎಂದಳು. ಮಾತು ಒಬ್ಬರಿಂದ ಒಬ್ಬರಿಗೆ ಹೋಯಿತು. ಮುದುಕಿ ಬಗ್ಗಿ ನನ್ನ ಹೆಂಡತಿಯ ಕೆಸರುಗಾಲು ಮುಟ್ಟಿ ಕಣ್ಣಿಗೆ ಒತ್ತಿಕೊಂಡಳು. ಇನ್ನೊಬ್ಬಳು ಮುಟ್ಟಿದಳು. ಜಾಗಟೆ ಶುರುವಾಯಿತು, ಮೊಬೈಲುಗಳು ಮೇಲೆದ್ದವು.

ಅವಳು ಸತ್ತಿದೆ, ಸತ್ತಿದೆ ಎಂದು ಹೇಳುತ್ತಲೇ ಇದ್ದಳು. ಯಾರಿಗೂ ಕೇಳುತ್ತಿರಲಿಲ್ಲ. ಕೇಳಿದವರು ಮೈಮೇಲೆ ಬಂದಿದೆ, ಏನೋ ಹೇಳುತ್ತಿದ್ದಾಳೆ ಎಂದುಕೊಂ‍ಡರು. ಕೊನೆಗೆ ವಾಕರ್ ಬಿಟ್ಟು ನನ್ನ ಎದೆಗೆ ಒರಗಿದಳು, ಹೂವಿನವಳ ಕುರ್ಚಿಯ ಮೇಲೆ ಕೂರಿಸಿಕೊಂಡು ನಾಲ್ಕು ಜನ ಮನೆಗೆ ಎತ್ತಿಕೊಂಡು ಬಂದೆವು. ಅದನ್ನೂ ಪಲ್ಲಕ್ಕಿ ಎಂದುಕೊಂಡರೋ ಏನೋ, ಹಿಂದಿನಿಂದ ಹೂವು ಬಿದ್ದವು.

ಮಳೆ ಜೋರಾದ ಮೇಲೂ ಜನ ಬಿಡಲಿಲ್ಲ. ಆಷಾಢದಲ್ಲಿ ಹೈವೇಯ ತಿರುವಿನಲ್ಲಿ ಕಮಿಟಿಯವರು ಒಂದು ದೊಡ್ಡ ಫ್ಲೆಕ್ಸ್ ಹಾಕಿದರು, ತಾರೆಮರ ಇನ್ನು ಯಾವ ಕಾಲಕ್ಕೂ ಕಡಿಯುವುದಿಲ್ಲ, ಸುತ್ತ ಕಟ್ಟೆ ಕಟ್ಟುತ್ತೇವೆ ಎಂದು. ಅಧ್ಯಕ್ಷರು ನನ್ನನ್ನು ಬೈಕಿನಲ್ಲಿ ಕೂರಿಸಿಕೊಂಡು ಹೋಗಿ ತೋರಿಸಿದರು, ಸಂತೋಷದಿಂದಲೇ. ಒಂದು ಬದಿಯಲ್ಲಿ ನನ್ನ ಹೆಂಡತಿಯ ಫೋಟೋ. ವಾಕರ್ ಕಾಣದ ಹಾಗೆ ಕತ್ತರಿಸಿದ್ದರು, ಬಾಯಿ ತೆರೆದಿತ್ತು, ಸತ್ತಿದೆ ಎಂದು ಹೇಳುತ್ತಿದ್ದ ಹೊತ್ತಿನದು. ಇನ್ನೊಂದು ಬದಿಯಲ್ಲಿ ಒಂದು ಹಕ್ಕಿ. ಕೆಂಪು ಕೊಕ್ಕು, ಮೈಮೇಲೆ ಚುಕ್ಕೆ. ಆಮೇಲೆ ಗಾರ್ಡಿಗೆ ತೋರಿಸಿದಾಗ, ಅದು ಆಫ್ರಿಕಾದ ಯಾವುದೋ ಒಣ ಬಯಲಿನ ಹಕ್ಕಿ, ನೆಟ್ಟಿನಿಂದ ತೆಗೆದದ್ದು ಎಂದ.

ಮನೆಗೆ ಬಂದೆ. ಅವಳು ಗೋಡೆಯ ಕಡೆ ತಿರುಗಿ ಮಲಗಿದ್ದಳು. ಎಂತ ಹಾಕಿದ್ದಾರೆ ಎಂದು ಕೇಳಿದಳು. ನಿನ್ನ ಫೋಟೋ ಎಂದೆ. ಹಕ್ಕಿಯದು ಇಲ್ಲವಾ ಎಂದಳು. ಅದನ್ನೂ ಹಾಕಿದ್ದಾರೆ, ಒಳಗಿದ್ದವಳದೇ ಎಂದೆ.

"ಸುಳ್ಳು ಹೇಳ್ಬೇಡಿ," ಎಂದಳು. "ಅವಳ್ನ ಕಂಡವಳು ನಾನೊಬ್ಬಳೇ."